ಸೆಕೆಂಡ್ ಹ್ಯಾಂಡ್ ಸಿಟಿ ಸಿವಿಟಿ: ಗೇರ್‌ಬಾಕ್ಸ್ ಆಯಿಲ್ ಬದಲಾಯಿಸಬೇಕಾ? ಯಾವುದು ಹಾಕೋದು?

ಬಸವೇಶ್ವರನಗರ–ಬೆಳ್ಳಂದೂರು:

ಎಲ್ಲರಿಗೂ ನಮಸ್ಕಾರ. ಮೂರು ತಿಂಗಳ ಹಿಂದೆ 2017ರ ಹೋಂಡಾ ಸಿಟಿ ತಗೊಂಡೆ. ಪೆಟ್ರೋಲ್, ಸಿವಿಟಿ (ಗೇರಿನ ಹಂತಗಳಿಲ್ಲದ ಆಟೋಮ್ಯಾಟಿಕ್ ಗೇರ್‌ಬಾಕ್ಸ್), ಸೆಕೆಂಡ್ ಹ್ಯಾಂಡ್. ಈಗ 62,000 ಕಿ.ಮೀ. ಆಗಿದೆ. ಹಳೇ ಓನರ್ ರಾಜಾಜಿನಗರದ ಹಿರಿಯರು. ಬಿಲ್ಲುಗಳನ್ನೆಲ್ಲ ಒಂದು ಮದುವೆ ಪತ್ರಿಕೆಯ ಕವರಿನಲ್ಲಿ ತಾರೀಖಿನ ಪ್ರಕಾರ ಜೋಡಿಸಿ ಕೊಟ್ಟರು. ಎಂಜಿನ್ ಆಯಿಲ್, ಬ್ರೇಕ್ ಪ್ಯಾಡ್, ಏಸಿ ಫಿಲ್ಟರ್, ವೈಪರ್ ಬ್ಲೇಡ್ ಕೂಡ ಇದೆ. ಸಿವಿಟಿ ಆಯಿಲ್ ಅನ್ನೋ ಸಾಲು ಮಾತ್ರ ಎಲ್ಲೂ ಇಲ್ಲ.

ದಿನಾ ಆಫೀಸಿಗೆ 21 ಕಿ.ಮೀ. ಒಂದೂಕಾಲು ಗಂಟೆಗೆ ತಲುಪಿದರೆ ಅವತ್ತು ಪುಣ್ಯ ಮಾಡಿದ್ದೆ ಅಂತ ಅರ್ಥ. ಸಿಲ್ಕ್ ಬೋರ್ಡ್ ಹತ್ತಿರ ಬ್ರೇಕ್ ಬಿಟ್ಟು ಗಾಡಿ ತೆವಳುವಾಗ ಒಂದು ಸಣ್ಣ ನಡುಕ ಬರುತ್ತೆ. ಡ್ಯಾಶ್‌ಬೋರ್ಡ್ ಮೇಲೆ ಸ್ಪ್ರಿಂಗ್ ಕತ್ತಿನ ಗಣಪತಿ ಇಟ್ಟಿದ್ದೇನೆ, ಅವನು ತಲೆ ಆಡಿಸುತ್ತಾನೆ. ವೇಗ ಹಿಡಿದ ಮೇಲೆ ಏನೂ ಇಲ್ಲ. ಯಾವ ಲೈಟೂ ಉರಿಯುತ್ತಿಲ್ಲ.

ಮೂರು ಕಡೆ ಕೇಳಿದೆ, ಮೂರು ಉತ್ತರ ಬಂತು. ದೊಡ್ಡ ವರ್ಕ್‌ಶಾಪ್ ಒಂದರಲ್ಲಿ "ಸಿವಿಟಿ ಆಯಿಲ್ ಲೈಫ್‌ಟೈಮ್ ಸಾರ್, ಮುಟ್ಟೋದೇ ಬೇಡ" ಅಂದರು. ಮನೆ ಹತ್ತಿರದ ಗ್ಯಾರೇಜಿನವರು ಮೆಷಿನ್ ಫ್ಲಶ್ ಮಾಡಬೇಕು, 11,500 ಆಗುತ್ತೆ ಅಂದರು. ಜೆ.ಸಿ. ರೋಡಿನ ಅಂಗಡಿಯವರು ಒಂದು ಡಬ್ಬ ಎತ್ತಿ ಕೌಂಟರ್ ಮೇಲಿಟ್ಟು "ಇದು ಎಲ್ಲಾ ಸಿವಿಟಿಗೂ ಆಗುತ್ತೆ, ಕಣ್ಣು ಮುಚ್ಚಿಕೊಂಡು ಹಾಕಿ" ಅಂದರು. ಕಣ್ಣು ಮುಚ್ಚಿಕೊಂಡು ಮಾಡಬೇಕಾದ ಕೆಲಸ ಅಲ್ಲ ಅನ್ನಿಸಿ ಬರಿಗೈಲಿ ವಾಪಸ್ ಬಂದೆ.

ಗೊತ್ತಿರುವವರು ದಯವಿಟ್ಟು ಹೇಳಿ.

ತೂಗುಸೇತುವೆ:

ಮುಟ್ಟಬೇಡಿ ಗುರೂ. ನಮ್ಮ ಆಫೀಸಿನಲ್ಲಿ ಒಬ್ಬರು 1.4 ಲಕ್ಷ ಕಿ.ಮೀ. ಆದ ಮೇಲೆ ಸಿವಿಟಿ ಆಯಿಲ್ ಬದಲಾಯಿಸಿದರು. ಒಂದೇ ತಿಂಗಳಿಗೆ ಗೇರ್‌ಬಾಕ್ಸ್ ಹೋಯಿತು. ಹಳೇ ಆಯಿಲ್ ಒಳಗೆ ಹೊಂದಿಕೊಂಡಿರುತ್ತೆ. ಓಡ್ತಾ ಇರೋ ಗಾಡಿಗೆ ಸುಮ್ನೆ ಕೈ ಹಾಕಬಾರದು.

ಜಾಲಹಳ್ಳಿ ಗ್ರೈಂಡರ್:

ಮೊದಲೇ ಹೇಳಿಬಿಡುತ್ತೇನೆ, ನಾನು ಕಾರ್ ಮೆಕ್ಯಾನಿಕ್ ಅಲ್ಲ. ಎಚ್‌ಎಂಟಿಯಲ್ಲಿ 26 ವರ್ಷ ಗ್ರೈಂಡಿಂಗ್ ಮೆಷಿನ್ ಮುಂದೆ ನಿಂತವನು. ಉಕ್ಕಿಗೆ ಉಕ್ಕು ತಾಗುವ ಜಾಗದಲ್ಲಿ ಎಣ್ಣೆ ಏನು ಮಾಡುತ್ತೆ ಅನ್ನೋದೇ ನಮ್ಮ ಅನ್ನ ಆಗಿತ್ತು. ನನ್ನದೂ 2015ರ ಸಿಟಿ ಸಿವಿಟಿ. 1,08,000 ಕಿ.ಮೀ. ಆಗಿದೆ. ಮೂರು ಸಲ ಗೇರ್‌ಬಾಕ್ಸ್ ಆಯಿಲ್ ಬದಲಾಯಿಸಿದ್ದೇನೆ, ಮೂರು ಸಲವೂ ಪಕ್ಕದಲ್ಲೇ ನಿಂತು.

ತೂಗುಸೇತುವೆಯವರೇ, ನಿಮ್ಮ ಸಹೋದ್ಯೋಗಿ ಅಷ್ಟು ದಿನ ಸುಮ್ಮನಿದ್ದವರು 1.4 ಲಕ್ಷಕ್ಕೆ ಯಾಕೆ ಬದಲಾಯಿಸಿದರು, ಕೇಳಿ ನೋಡಿ. ಗಾಡಿ ಆಗಲೇ ಜಾರುತ್ತಿರಬೇಕು. ಉಸಿರು ಕಟ್ಟಿದ ಮೇಲೆ ಆಸ್ಪತ್ರೆಗೆ ಸೇರಿಸಿ, ಆಮೇಲೆ ಡ್ರಿಪ್ ಹಾಕಿದ್ದೇ ತಪ್ಪು ಅಂದ ಹಾಗೆ ಇದು.

ಈಗ ವಿಷಯಕ್ಕೆ ಬರೋಣ. ಬಹಳ ಜನ ಈ ಆಯಿಲ್‌ನ ಕೆಲಸ ಜಾರಿಸೋದು ಅಂದುಕೊಂಡಿದ್ದಾರೆ. ಸಿವಿಟಿಯಲ್ಲಿ ಅದರ ದೊಡ್ಡ ಕೆಲಸ ಜಾರದ ಹಾಗೆ ಹಿಡಿಯೋದು. ನಿಮ್ಮ ಮನೆಯಲ್ಲಿ ಆಕ್ಟಿವಾ ಇದ್ದರೆ ಅದರಲ್ಲೂ ಸಿವಿಟಿಯೇ. ಅಲ್ಲಿ ರಬ್ಬರ್ ಬೆಲ್ಟ್ ಒಣಗಿದ ಪುಲ್ಲಿಗಳ ಮೇಲೆ ಓಡುತ್ತೆ, ಹಗ್ಗದ ಹಾಗೆ ಎಳೆಯುತ್ತೆ. ಡಚ್ಚರ ಡಾಫ್ ಕಂಪನಿ 1958ರಲ್ಲಿ ಕಾರಿಗೆ ಇದನ್ನು ತಂದಾಗಲೂ ರಬ್ಬರ್ ಬೆಲ್ಟೇ ಇತ್ತು. ಈಗಿನ ಕಾರುಗಳದು ಉಕ್ಕಿನ ಬೆಲ್ಟ್. ತೆಳು ಉಕ್ಕಿನ ಪಟ್ಟಿಗಳ ಮೇಲೆ ನೂರಾರು ಸಣ್ಣ ಉಕ್ಕಿನ ತುಂಡುಗಳನ್ನು ಪೋಣಿಸಿರುತ್ತಾರೆ. ಬಳೆಗಾರರ ಮಲಾರದಲ್ಲಿ ಬಳೆಗಳು ಒಂದಕ್ಕೊಂದು ಒತ್ತಿಕೊಂಡಿರುತ್ತವಲ್ಲ, ಹಾಗೆ. ಒಂದು ತುಂಡು ಮುಂದಿನದನ್ನು ತಳ್ಳುತ್ತೆ. ಈ ಬೆಲ್ಟ್ ಎಳೆಯೋದಿಲ್ಲ, ತಳ್ಳುತ್ತೆ. ಎಡಕ್ಕೂ ಬಲಕ್ಕೂ ಶಂಕುವಿನ ಆಕಾರದ ಉಕ್ಕಿನ ತಟ್ಟೆಗಳು, ಇವೇ ಇಲ್ಲಿನ ಪುಲ್ಲಿ. ಆಯಿಲ್ ಪಂಪಿನ ಒತ್ತಡದಿಂದ ಆ ತಟ್ಟೆಗಳು ಬೆಲ್ಟನ್ನು ಅದುಮಿ ಹಿಡಿಯುತ್ತವೆ. ಹಲ್ಲುಗಳಿಲ್ಲ, ಗಾಳ ಇಲ್ಲ, ಬರೀ ಹಿಡಿತ. ಅದೂ ಆಯಿಲ್‌ನಲ್ಲಿ ನೆನೆದ ಉಕ್ಕಿಗೂ ಉಕ್ಕಿಗೂ ನಡುವೆ.

ಎಣ್ಣೆ ಕೈಯಲ್ಲಿ ಸ್ಟೀಲ್ ಲೋಟ ಹಿಡಿದು ನೋಡಿ. ಹಾಗೆ ಜಾರಬಾರದು, ಆದರೆ ಸವೆಯಲೂ ಬಾರದು. ಎರಡೂ ಒಟ್ಟಿಗೆ ಬೇಕು. ಅದಕ್ಕೇ ಸಿವಿಟಿ ಆಯಿಲ್ ಬೇರೆ ಜಾತಿ. ಮಾಮೂಲಿ ಆಟೋಮ್ಯಾಟಿಕ್ ಗಾಡಿಗಳಿಗೆ ಹಾಕುವ ಎಟಿಎಫ್ ಅನ್ನು ಕ್ಲಚ್ ಪ್ಲೇಟುಗಳು ಮೆತ್ತಗೆ ಕಚ್ಚಿಕೊಳ್ಳಲಿ ಅಂತ ಮಾಡಿರುತ್ತಾರೆ. ಅದನ್ನು ಇಲ್ಲಿ ಹಾಕಿದರೆ ಬೆಲ್ಟ್ ಜಾರುತ್ತೆ.

ಇದನ್ನು ಓದಿ ಹೇಳುತ್ತಿಲ್ಲ, ಕಣ್ಣಾರೆ ಕಂಡಿದ್ದೇನೆ. ನಮ್ಮ ಅಳಿಯನ ಗಾಡಿ, ಯಾವ ಕಂಪನಿಯದು ಅನ್ನೋದು ಬೇಡ. ಒಂದು ಗ್ಯಾರೇಜಿನಲ್ಲಿ ಕೆಂಪು ಎಟಿಎಫ್ ಸುರಿದು ಕಳಿಸಿದ್ದರು. ಮೊದಲ ವಾರ "ಮಾವ, ಬೆಣ್ಣೆ ಥರ ಓಡ್ತಿದೆ" ಅಂದ. ಆಮೇಲೆ ಹೆಬ್ಬಾಳ ಫ್ಲೈಓವರ್ ಹತ್ತುವಾಗ ಎಂಜಿನ್ ಕೂಗುತ್ತೆ, ಗಾಡಿ ಮಾತ್ರ ಎದ್ದೇಳಲ್ಲ. ಕೊನೆಗೆ ಗೇರ್‌ಬಾಕ್ಸ್ ಬಿಚ್ಚಿಸಿದೆವು. ಬಿಚ್ಚಿದ ಹುಡುಗ ಪುಲ್ಲಿಯನ್ನು ಪೇಪರ್ ಮೇಲಿಟ್ಟ. ದೂರದಿಂದ ಕನ್ನಡಿಯ ಹಾಗೆ ಹೊಳೆಯುತ್ತಿತ್ತು. ನಾನು ಉಗುರನ್ನು ಒಳಗಿನಿಂದ ಹೊರಗೆ ಮೆಲ್ಲಗೆ ಎಳೆದೆ. ಒಂದು ಕಡೆ ಟಕ್ ಅಂತ ಸಿಕ್ಕಿಕೊಂಡಿತು. ಇನ್ನೊಂದು ಸ್ವಲ್ಪ ಮುಂದೆ ಮತ್ತೆ. ಬೆಲ್ಟ್ ಜಾರಿ ಜಾರಿ ಬಳೆ ಬಳೆಯಾಗಿ ಗೀರು ಬಿದ್ದಿತ್ತು. ಗ್ರೈಂಡಿಂಗ್ ಮಾಡಿದವನಿಗೆ ಅಷ್ಟು ಸಾಕು. ಉಗುರಿಗೆ ಸಿಕ್ಕಿದ ಮೇಲೆ ಆ ಮೇಲ್ಮೈ ಮುಗಿಯಿತು, ಅದನ್ನು ಯಾವ ಆಯಿಲೂ ಸರಿ ಮಾಡಲ್ಲ. ಗ್ಯಾರೇಜಿನವನು "ಎರಡೂ ಆಟೋಮ್ಯಾಟಿಕ್ಕೇ ತಾನೇ ಸಾರ್?" ಅಂದ. ಅವನಿಗೆ ಏನು ಹೇಳೋದು?

ಆಯ್ಕೆ ಬಗ್ಗೆ. ಬ್ರ್ಯಾಂಡ್ ನೋಡಬೇಡಿ, ಬಣ್ಣ ನೋಡಬೇಡಿ, ಬೆಲೆಯನ್ನಂತೂ ನೋಡಲೇಬೇಡಿ. ಓನರ್ಸ್ ಮ್ಯಾನ್ಯುಯಲ್‌ನಲ್ಲಿ ಬರೆದಿರುವ ಹೆಸರು ನೋಡಿ. ನಿಮ್ಮ ಗಾಡಿಗೆ ಎಚ್‌ಸಿಎಫ್-2. ಇಲ್ಲೊಂದು ಹೊಂಡ ಇದೆ. "ಹೋಂಡಾ ಸಿವಿಟಿ ಆಯಿಲ್ ಕೊಡಿ" ಅಂದರೆ ಕೆಲವು ಅಂಗಡಿಗಳಲ್ಲಿ ಎಚ್‌ಎಂಎಂಎಫ್ ಕೊಟ್ಟುಬಿಡುತ್ತಾರೆ. ಅದೂ ಹೋಂಡಾದ್ದೇ, ಅದೂ ಸಿವಿಟಿಯದ್ದೇ. ಆದರೆ ಹಳೇ ಸಿಟಿ ಝಡ್‌ಎಕ್ಸ್ ಕಾಲದ ಗೇರ್‌ಬಾಕ್ಸಿನದು. ಅದರಲ್ಲಿ ಟಾರ್ಕ್ ಕನ್ವರ್ಟರ್ (ಎಂಜಿನ್ ಬಲವನ್ನು ಆಯಿಲ್ ಮೂಲಕ ಗೇರ್‌ಬಾಕ್ಸಿಗೆ ದಾಟಿಸುವ ಭಾಗ) ಇರಲಿಲ್ಲ, ಗಾಡಿ ಹೊರಡಿಸೋಕೆ ಸ್ಟಾರ್ಟ್ ಕ್ಲಚ್ ಇತ್ತು. ನಿಮ್ಮದರಲ್ಲಿ ಟಾರ್ಕ್ ಕನ್ವರ್ಟರ್ ಇದೆ. ಒಂದರ ಬದಲು ಇನ್ನೊಂದು ಆಗಲ್ಲ. ಆದ್ದರಿಂದ ಬಾಯಲ್ಲಿ ಹೇಳಬೇಡಿ, ಚೀಟಿಯಲ್ಲಿ ಬರೆದುಕೊಂಡು ಹೋಗಿ, ಡಬ್ಬದ ಮೇಲೆ ಓದಿ.

"ಎಲ್ಲಾ ಸಿವಿಟಿಗೂ ಆಗುತ್ತೆ" ಅನ್ನುವ ಡಬ್ಬಗಳು ಎಲ್ಲವೂ ಕೆಟ್ಟವು ಅಂತ ಹೇಳಲಾರೆ. ಐಸಿನ್, ಐಡೆಮಿಟ್ಸು ಥರದ ಕಂಪನಿಗಳು ಸಿವಿಟಿ ಆಯಿಲ್ ಮಾಡುತ್ತವೆ, ಹಾಕಿಕೊಂಡು ಓಡಿಸುವವರೂ ಇದ್ದಾರೆ. ಆದರೆ ನಿಮ್ಮ ಗಾಡಿಯ ಹಿಂದಿನ ಕಥೆ ನಿಮಗೆ ಗೊತ್ತಿಲ್ಲ. ಒಂದು ಅನುಮಾನದ ಮೇಲೆ ಇನ್ನೊಂದು ಅನುಮಾನ ಸುರಿಯಬೇಡಿ. ಈ ಸಲ ಪುಸ್ತಕದಲ್ಲಿ ಇರೋದನ್ನೇ ಹಾಕಿ. ಹೋಂಡಾ ಪಾರ್ಟ್ಸ್ ಕೌಂಟರ್‌ನಲ್ಲಿ ಬಿಲ್ ಸಮೇತ ತಗೊಳ್ಳಿ.

ಲೈಫ್‌ಟೈಮ್ ಅಂದರಲ್ಲ, ಯಾರ ಲೈಫ್ ಅಂತ ಕೇಳಬೇಕಿತ್ತು. ನಿಮ್ಮ ಲೆಕ್ಕವನ್ನೇ ತಗೊಳ್ಳಿ. ಒಳ್ಳೇ ದಿನ 21 ಕಿ.ಮೀ.ಗೆ ಒಂದೂಕಾಲು ಗಂಟೆ ಅಂದಿರಿ. ಕೆಟ್ಟ ದಿನಗಳನ್ನೂ ಸೇರಿಸಿದರೆ ಸರಾಸರಿ ಗಂಟೆಗೆ 15 ಕಿ.ಮೀ. ಈ ವೇಗದಲ್ಲಿ 62,000 ಕಿ.ಮೀ. ಓಡಲು 4,100 ಗಂಟೆಗೂ ಜಾಸ್ತಿ ಬೇಕು. ಅದೇ ದೂರವನ್ನು ತುಮಕೂರು ರಸ್ತೆಯಲ್ಲಿ ಗಂಟೆಗೆ 60ರಂತೆ ಓಡಿಸಿದವನಿಗೆ ಸಾವಿರದ ಚಿಲ್ಲರೆ ಗಂಟೆ ಸಾಕು. ಗಾಡಿ ನಿಂತಿದ್ದರೂ ಎಂಜಿನ್ ಓಡುವಷ್ಟು ಹೊತ್ತು ಪಂಪ್ ತಿರುಗುತ್ತಲೇ ಇರುತ್ತೆ, ಟಾರ್ಕ್ ಕನ್ವರ್ಟರ್ ಆಯಿಲನ್ನು ಕಡೆದು ಬಿಸಿ ಮಾಡುತ್ತಲೇ ಇರುತ್ತೆ. ಮೀಟರಿಗೆ ಕಿಲೋಮೀಟರ್ ಮಾತ್ರ ಗೊತ್ತು, ಸಿಲ್ಕ್ ಬೋರ್ಡ್ ಗೊತ್ತಿಲ್ಲ. ನಾನು 35,000ಕ್ಕೆ ಒಂದು ಸಲ ಬದಲಾಯಿಸುತ್ತೇನೆ. ಅದು ನನ್ನ ಲೆಕ್ಕ. ಮ್ಯಾನ್ಯುಯಲ್‌ನಲ್ಲಿ ಮಾಮೂಲಿ ಬಳಕೆಗೆ ಏನು ಹೇಳಿದೆ, ಕಠಿಣ ಬಳಕೆಗೆ ಏನು ಹೇಳಿದೆ, ಎರಡನ್ನೂ ಓದಿ. ಬೆಂಗಳೂರಿನ ನಾವೆಲ್ಲ ಎರಡನೇ ಗುಂಪು.

ಫ್ಲಶ್ ಮೆಷಿನ್ ಬೇಡ. ಒತ್ತಡ ಹಾಕಿ ತಳ್ಳಿದರೆ ತಳದಲ್ಲಿ ಕೂತಿದ್ದ ಕಸ ಎದ್ದು ಆಯಿಲನ್ನು ಬೇಕಾದ ಕಡೆಗೆ ಕಳಿಸುವ ವಾಲ್ವ್ ಬಾಡಿಯ ಸಣ್ಣ ಸಣ್ಣ ದಾರಿಗಳಿಗೆ ಹೋಗಬಹುದು. ಇನ್ನೊಂದು ವಿಷಯ ಯಾರೂ ಹೇಳಲ್ಲ. ನಿಮಗಿಂತ ಮುಂಚೆ ಆ ಮೆಷಿನ್‌ಗೆ ಯಾವ ಗಾಡಿ ಕಟ್ಟಿದ್ದರು? ಅದರ ಎಟಿಎಫ್ ಪೈಪಿನಲ್ಲಿ ಎಷ್ಟು ಉಳಿದಿದೆ? ಕೆಳಗಿನ ಬೋಲ್ಟ್ ಬಿಚ್ಚಿ, ತಾನಾಗಿ ಇಳಿದಷ್ಟು ಇಳಿಸಿ, ಹೊಸದು ತುಂಬಿಸಿದರೆ ಸಾಕು. ಎಲ್ಲ ಇಳಿಯಲ್ಲ ನಿಜ, ಕನ್ವರ್ಟರ್‌ನಲ್ಲಿ, ಕೂಲರ್‌ನಲ್ಲಿ ಉಳಿಯುತ್ತೆ. ಲೆಕ್ಕಕ್ಕೆ ಒಟ್ಟು 6 ಲೀಟರ್ ಅಂದುಕೊಳ್ಳಿ, ಮೂರೂವರೆ ಇಳಿಯಿತು ಅಂದುಕೊಳ್ಳಿ. ಹಳೆಯದು ಶೇ. 42ರಷ್ಟು ಉಳಿಯುತ್ತೆ. ಸ್ವಲ್ಪ ದಿನ ಓಡಿಸಿ ಇನ್ನೊಂದು ಸಲ ಹಾಗೇ ಮಾಡಿದರೆ ಶೇ. 17ಕ್ಕೆ ಇಳಿಯುತ್ತೆ. ನಾನಾದರೆ ಚರಿತ್ರೆ ಗೊತ್ತಿಲ್ಲದ ಗಾಡಿಗೆ ಎರಡು ಸಲ ಮಾಡಿಸುತ್ತೇನೆ.

ಕೆಲಸ ಮಾಡಿಸುವಾಗ ಗಾಡಿ ಸಮತಟ್ಟಾಗಿರಲಿ, ಗಾಡಿ ಕೆಳಗೆ ಇಳಿದು ಕೆಲಸ ಮಾಡುವ ಪಿಟ್ ಇದ್ದರೆ ಒಳ್ಳೆಯದು. ಮುಂದಿನ ಚಕ್ರ ಮಾತ್ರ ಜಾಕ್ ಹಾಕಿ ಎತ್ತಿದರೆ ಲೆವೆಲ್ ಸುಳ್ಳು ಹೇಳುತ್ತೆ. ಡ್ರೈನ್ ಬೋಲ್ಟ್‌ನ ವಾಷರ್ ಹೊಸದೇ ಬೇಕು. ಹಳೆಯದು ಅದುಮಿಕೊಂಡು ತನ್ನ ಕೆಲಸ ಮುಗಿಸಿರುತ್ತೆ. ಆ ಬೋಲ್ಟನ್ನು 49 ನ್ಯೂಟನ್ ಮೀಟರ್‌ಗೆ ಬಿಗಿ ಮಾಡಬೇಕು. ಗೇರ್‌ಬಾಕ್ಸ್ ಮೈ ಅಲ್ಯೂಮಿನಿಯಂ, ಪೈಲ್ವಾನ್ ಹುಡುಗರ ಕೈಗೆ ಕೊಡಬೇಡಿ. ಮುಖ್ಯವಾಗಿ, ಒರೆಸೋಕೆ ಬನಿಯನ್ ವೇಸ್ಟ್ ಬಳಸಲು ಬಿಡಬೇಡಿ. ಅದರ ಒಂದು ಎಳೆ ಒಳಗೆ ಹೋದರೂ ತೊಂದರೆ. ನೂಲು ಬಿಡದ ಬಟ್ಟೆಯನ್ನು ಮನೆಯಿಂದಲೇ ತಗೊಂಡು ಹೋಗಿ.

ಮಲ್ಲೇಶ್ವರಂ ಸನ್ನಿ:

ಗ್ರೈಂಡರ್ ಸಾರ್ ಹೇಳಿದ್ದಕ್ಕೆ ಒಂದು ಸೇರಿಸುತ್ತೇನೆ. ನನ್ನದು ನಿಸ್ಸಾನ್ ಸನ್ನಿ, ಎನ್‌ಎಸ್-3 ಆಯಿಲ್. ಇದರಲ್ಲಿ ಲೆವೆಲ್ ನೋಡುವಾಗ ಆಯಿಲ್ ಬಿಸಿ 35ರಿಂದ 45 ಡಿಗ್ರಿ ಸೆಲ್ಸಿಯಸ್ ಒಳಗೇ ಇರಬೇಕು. ಜಾಸ್ತಿ ತುಂಬಿಸಿ, ಓವರ್‌ಫ್ಲೋದಿಂದ ಹನಿ ಹನಿ ಆಗುವವರೆಗೆ ಬಿಡಬೇಕು. ಬಿಸಿಯಾದರೆ ಆಯಿಲ್ ಹಿಗ್ಗುತ್ತೆ, ಹಾಗಾಗಿ ಕುದಿಯುವ ಗೇರ್‌ಬಾಕ್ಸ್‌ನಲ್ಲಿ ಲೆವೆಲ್ ನೋಡಿದರೆ ಆಮೇಲೆ ಕಡಿಮೆ ಬೀಳುತ್ತೆ. ಕಡಿಮೆಯಾದರೆ ಪಂಪ್ ಗಾಳಿ ಎಳೆಯುತ್ತೆ, ಜಾಸ್ತಿಯಾದರೆ ನೊರೆ ಬರುತ್ತೆ. ಹೋಂಡಾಕ್ಕೆ ವಿಧಾನ ಬೇರೆ, ಅವರವರ ಸರ್ವಿಸ್ ಪುಸ್ತಕವೇ ಗತಿ.

ಇನ್ನೊಂದು, ನಿಸ್ಸಾನ್ ಸಿವಿಟಿಗಳಲ್ಲಿ ಆಯಿಲ್ ಎಷ್ಟು ದಣಿದಿದೆ ಅನ್ನುವ ಲೆಕ್ಕವನ್ನು ಗಾಡಿಯ ಕಂಪ್ಯೂಟರೇ ಇಟ್ಟುಕೊಳ್ಳುತ್ತೆ. ಸ್ಕ್ಯಾನರ್ ಹಾಕಿದರೆ ಕಾಣುತ್ತೆ. ಬದಲಾಯಿಸಿದ ಮೇಲೆ ಅದನ್ನು ಸೊನ್ನೆ ಮಾಡಿಸಬೇಕು. ನಾನು ಮರೆತು ಎರಡನೇ ಸಲ ಹೋಗಬೇಕಾಯಿತು.

ಹೈಕ್ರಾಸ್ ಹೆಗ್ಡೆರು:

ನಮ್ಮದು ಇನೋವಾ ಹೈಕ್ರಾಸ್ ಹೈಬ್ರಿಡ್. ಅದನ್ನೂ ಇ-ಸಿವಿಟಿ ಅಂತಾರೆ. ಇದೆಲ್ಲ ನಮಗೂ ಅನ್ವಯಿಸುತ್ತಾ?

ಜಾಲಹಳ್ಳಿ ಗ್ರೈಂಡರ್:

ಇಲ್ಲ ಹೆಗ್ಡೆರೇ. ಹೆಸರು ಒಂದೇ, ಹೊಟ್ಟೆ ಬೇರೆ. ನಿಮ್ಮದರಲ್ಲಿ ಬೆಲ್ಟೇ ಇಲ್ಲ. ಮೋಟಾರುಗಳೂ ಪ್ಲಾನೆಟರಿ ಗೇರೂ ಸೇರಿ ಆ ಕೆಲಸ ಮಾಡುತ್ತವೆ. ಆಯಿಲೂ ಬೇರೆ. ನಿಮ್ಮ ಮ್ಯಾನ್ಯುಯಲ್ ನೋಡಿ, ನಮ್ಮ ಮಾತು ಕೇಳಬೇಡಿ.

ಬಸವೇಶ್ವರನಗರ–ಬೆಳ್ಳಂದೂರು:

ಗ್ರೈಂಡರ್ ಸಾರ್, ಎಲ್ಲರಿಗೂ ಥ್ಯಾಂಕ್ಸ್. ಶನಿವಾರ ಕೆಲಸ ಮುಗಿಸಿದೆ, ಅದರ ವರದಿ ಇದು.

ಎಚ್‌ಸಿಎಫ್-2 ಒಂದೊಂದು ಲೀಟರಿನ ನಾಲ್ಕು ಡಬ್ಬ, ಒಂದು ವಾಷರ್ ತಗೊಂಡೆ. ಕೌಂಟರ್ ಹುಡುಗ ಮೊದಲು ಬೇರೆ ಡಬ್ಬ ತಂದಿದ್ದ. ಚೀಟಿ ತೋರಿಸಿದೆ, ಒಳಗೆ ಹೋಗಿ ಸರಿಯಾದದ್ದು ತಂದ. ಕಾಮಾಕ್ಷಿಪಾಳ್ಯದಲ್ಲಿ ಪಿಟ್ ಇರುವ ಒಂದು ಗ್ಯಾರೇಜ್. ಮಾಲೀಕರಿಗೆ ಐವತ್ತರ ಮೇಲೆ ವಯಸ್ಸು. ನಾನು ಟಾರ್ಕ್ ರೆಂಚ್ (ಬಿಗಿ ಎಷ್ಟು ಅಂತ ಅಳೆಯುವ ಸ್ಪ್ಯಾನರ್) ಇದೆಯಾ ಅಂದಿದ್ದಕ್ಕೆ ನಕ್ಕು, ಬೀರುವಿನಿಂದ ಬಟ್ಟೆ ಸುತ್ತಿಟ್ಟಿದ್ದನ್ನು ತೆಗೆದರು. ಬಿಚ್ಚುವ ಮುಂಚೆ ಸ್ಕ್ಯಾನರ್ ಹಾಕಿದರು. ದೋಷ ತೋರಿಸುವ ಕೋಡ್ ಏನೂ ಇರಲಿಲ್ಲ.

ನಾನೂ ಪಿಟ್ಟಿಗೆ ಇಳಿದೆ. ಡ್ರೈನ್ ಬೋಲ್ಟ್‌ಗೆ ಹೊರಗೆ ಹಿಡಿಯುವ ತಲೆ ಇಲ್ಲ, ಮಧ್ಯದಲ್ಲಿ ಚೌಕಾಕಾರದ ತೂತು. ರ‍್ಯಾಚೆಟ್‌ನ ಮೂತಿಯೇ ನೇರ ಅದಕ್ಕೆ ಕೂತಿತು. ಸಾಕೆಟ್ ಬೇಕಾಗಲಿಲ್ಲ. ಬಂದ ಆಯಿಲ್ ಕಾಫಿ ಡಿಕಾಕ್ಷನ್‌ನ ಬಣ್ಣ, ಆದರೆ ಸುಟ್ಟ ವಾಸನೆ ಇರಲಿಲ್ಲ. ಬೋಲ್ಟ್‌ನ ತುದಿಯ ಮ್ಯಾಗ್ನೆಟ್ ಮೇಲೆ ಬೂದು ಬಣ್ಣದ ಮಣ್ಣು ಮೆತ್ತಿಕೊಂಡಿತ್ತು, ಕಣ್ಣಿಗೆ ಹಚ್ಚುವ ಕಾಡಿಗೆಯಷ್ಟು ನುಣುಪು. ಬೆರಳಲ್ಲಿ ಉಜ್ಜಿ ನೋಡಿದೆ, ಚೂರು ಚಕ್ಕೆ ಏನೂ ತಾಗಲಿಲ್ಲ. ಮಾಲೀಕರು "ಇದು ಮಾಮೂಲಿ. ಮಿಣಮಿಣ ಹೊಳೆಯೋ ಚಕ್ಕೆ ಬಂದಿದ್ರೆ ನಾನು ಬೋಲ್ಟ್ ವಾಪಸ್ ಹಾಕಿ ಮನೆಗೆ ಕಳಿಸ್ತಿದ್ದೆ" ಅಂದರು.

ಇಳಿದದ್ದನ್ನು ನೀರಿನ ಬಾಟಲಿಗಳಿಗೆ ಸುರಿದು ಅಳೆದೆವು. ಮೂರೂಕಾಲು ಲೀಟರ್‌ಗಿಂತ ಸ್ವಲ್ಪ ಜಾಸ್ತಿ. ಅಷ್ಟೇ ಹಾಕಿ, ಒಂದು ರೌಂಡ್ ಓಡಿಸಿ, ಮ್ಯಾನ್ಯುಯಲ್ ಪ್ರಕಾರ ಲೆವೆಲ್ ನೋಡಿ, ಇನ್ನೊಂದು ಕಾಫಿ ಲೋಟದಷ್ಟು ಸೇರಿಸಿದರು. ಮಜೂರಿ 600 ರೂಪಾಯಿ. ಒರೆಸೋಕೆ ನಮ್ಮಮ್ಮನ ಹಳೇ ಸೀರೆ ತಗೊಂಡು ಹೋಗಿದ್ದೆ. ಅದಕ್ಕೆ ಮನೆಯಲ್ಲಿ ಬೈಸಿಕೊಂಡೆ, ಅದು ಬೇರೆ ಕಥೆ.

ಈಗ ಗಾಡಿ ಎಳೆಯೋದು ಮೆತ್ತಗಾಗಿದೆ. ಆದರೆ ನಡುಕ ಪೂರ್ತಿ ಹೋಗಿಲ್ಲ. ಅರ್ಧ ಇದೆ. ಗಣಪತಿ ಇನ್ನೂ ತಲೆ ಆಡಿಸುತ್ತಾನೆ, ಸ್ವಲ್ಪ ನಿಧಾನವಾಗಿ. ಎರಡನೇ ಸಲ ಬದಲಾಯಿಸಿದರೆ ಹೋಗುತ್ತಾ? ಹಳೇ ಆಯಿಲ್ ಏನು ಮಾಡಲಿ? ನಮ್ಮ ಅಪಾರ್ಟ್‌ಮೆಂಟ್ ಸೆಕ್ಯೂರಿಟಿಯವರು ಗೇಟಿನ ಕೀಲಿಗೆ ಬೇಕು ಅಂತ ಕೇಳುತ್ತಿದ್ದಾರೆ.

ಜಾಲಹಳ್ಳಿ ಗ್ರೈಂಡರ್:

ಒಳ್ಳೇ ಮನುಷ್ಯ ಸಿಕ್ಕಿದ್ದಾರೆ, ಬಿಡಬೇಡಿ. ಬಟ್ಟೆ ಸುತ್ತಿದ ಟಾರ್ಕ್ ರೆಂಚ್ ಇಟ್ಟಿರುವವರ ಕೈಗೆ ಗಾಡಿ ಕೊಡಬಹುದು.

ಗೇಟಿಗೆ ಬೇಕಿದ್ದರೆ ಒಂದು ಸಣ್ಣ ಬಾಟಲಿ ಕೊಡಿ. ಮಿಕ್ಕಿದ್ದನ್ನು ಅದೇ ಗ್ಯಾರೇಜಿನ ವೇಸ್ಟ್ ಆಯಿಲ್ ಡ್ರಮ್ಮಿಗೆ ಹಾಕಿ, ಅವರು ಒಟ್ಟಾಗಿ ರೀಸೈಕಲ್‌ಗೆ ಕಳಿಸುತ್ತಾರೆ. ದಯವಿಟ್ಟು ಮೋರಿಗೆ ಸುರಿಯಬೇಡಿ. ನಮ್ಮ ಮೋರಿ ರಾಜಕಾಲುವೆಗೆ, ರಾಜಕಾಲುವೆ ಕೆರೆಗೆ. ನೀವು ದಿನಾ ಕೆಲಸಕ್ಕೆ ಹೋಗೋದೇ ಬೆಳ್ಳಂದೂರಿಗೆ, ಆ ಕೆರೆ ನೊರೆ ಕಂಡವರಿಗೆ ಜಾಸ್ತಿ ಹೇಳಬೇಕಾಗಿಲ್ಲ.

ಎರಡನೇ ಸಲ ಒಂದೆರಡು ಸಾವಿರ ಕಿ.ಮೀ. ಆದ ಮೇಲೆ ಮಾಡಿ. ಆದರೆ ನಡುಕದ ಎಲ್ಲ ತಪ್ಪನ್ನೂ ಆಯಿಲ್ ತಲೆಗೆ ಕಟ್ಟಬೇಡಿ. ಒಂದು ಪರೀಕ್ಷೆ ಮಾಡಿ. ಬಾನೆಟ್ ಎತ್ತಿ, ಒಬ್ಬರು ಪಕ್ಕಕ್ಕೆ ನಿಂತು ಎಂಜಿನ್ ನೋಡಲಿ. ಮುಂದೆ ಮಾತ್ರ ಯಾರೂ ನಿಲ್ಲಬಾರದು. ಹ್ಯಾಂಡ್‌ಬ್ರೇಕ್ ಎಳೆದು, ಕಾಲುಬ್ರೇಕ್ ಗಟ್ಟಿಯಾಗಿ ಒತ್ತಿ, ಡಿಗೆ ಹಾಕಿ, ಆಮೇಲೆ ಆರ್‌ಗೆ ಹಾಕಿ. ಎಂಜಿನ್ ಎಮ್ಮೆ ಮಗ್ಗುಲು ಬದಲಿಸಿದ ಹಾಗೆ ಹೊರಳಿದರೆ ಅದನ್ನು ಹಿಡಿದಿಡುವ ರಬ್ಬರಿನ ಮೌಂಟ್ ಸತ್ತಿದೆ.

ಬಸವೇಶ್ವರನಗರ–ಬೆಳ್ಳಂದೂರು:

ಸಾರ್, ಎಮ್ಮೆಯೇ. ಒಂದು ಕಡೆಯ ಮೌಂಟ್‌ನ ರಬ್ಬರ್ ಉದ್ದಕ್ಕೆ ಬಿರುಕು ಬಿಟ್ಟಿತ್ತು, ಟಾರ್ಚ್ ಬಿಟ್ಟಾಗ ಆ ಕಡೆಯ ಬೆಳಕು ಈ ಕಡೆ ಕಾಣುತ್ತಿತ್ತು. ನಿನ್ನೆ ಹೊಸದು ಹಾಕಿಸಿದೆ. ಇವತ್ತು ಬೆಳಿಗ್ಗೆ ಸಿಲ್ಕ್ ಬೋರ್ಡ್‌ನಲ್ಲಿ 25 ನಿಮಿಷ ತೆವಳಿದೆ. ಗಣಪತಿ ಅಲ್ಲಾಡಲಿಲ್ಲ.